ಬದುವಿನ ಜಗಳದ ಹಲ್ಲೆ ಪ್ರಕರಣದಲ್ಲಿ ನಿರೀಕ್ಷಣಾ ಜಾಮೀನು: ಅನುಭವಸ್ಥರ ಉತ್ತರಗಳು

ಪ್ರಶ್ನೆ: ಹೊಲದ ಬದುವಿನ ವಿಚಾರವಾಗಿ ದಾಯಾದಿಗಳೊಂದಿಗೆ ಜಗಳವಾಗಿ, ಅವರಲ್ಲೊಬ್ಬರ ತಲೆಗೆ ಪೆಟ್ಟಾಗಿದೆ. ನನ್ನ ತಮ್ಮ ಯಾರಿಗೂ ಹೊಡೆಯದಿದ್ದರೂ ಎಫ್‌ಐಆರ್‌ನಲ್ಲಿ ಅವನ ಹೆಸರಿದೆ. ಬಂಧನಕ್ಕೆ ಮುಂಚೆಯೇ ಜಾಮೀನು ಪಡೆಯಲು ಸಾಧ್ಯವೇ? ತಿಳಿದವರು ದಯವಿಟ್ಟು ಹೇಳಿ.

ಉತ್ತರ 1: ಕಳೆದ ವರ್ಷ ನನ್ನ ಅಣ್ಣನ ಮೇಲೆ ಇಂಥದ್ದೇ ದೂರು ದಾಖಲಾದಾಗ ನಾವು ಗಾಬರಿಯಿಂದ ಒಂದು ದೊಡ್ಡ ತಪ್ಪು ಮಾಡಿದೆವು. ಎಫ್‌ಐಆರ್ ಪ್ರತಿಯನ್ನು ಓದುವ ಮೊದಲೇ ಅವನನ್ನು ನೆಂಟರ ಊರಿಗೆ ಕಳಿಸಿಬಿಟ್ಟೆವು; ಸರ್ಕಾರಿ ಅಭಿಯೋಜಕರ ತಕರಾರಿನಲ್ಲಿ "ಆರೋಪಿ ತಲೆಮರೆಸಿಕೊಂಡಿದ್ದಾನೆ" ಎಂಬುದೇ ಮೊದಲ ಸಾಲಾಯಿತು. ತಮ್ಮನನ್ನು ದಯವಿಟ್ಟು ಎಲ್ಲಿಗೂ ಕಳಿಸಬೇಡಿ.

ಮೊದಲು ಕಲಂಗಳನ್ನು ನೋಡಿ, ಏಕೆಂದರೆ ನಿರೀಕ್ಷಣಾ ಜಾಮೀನು ಇರುವುದು ಜಾಮೀನುರಹಿತ ಅಪರಾಧಗಳಿಗೆ ಮಾತ್ರ. ಭಾರತೀಯ ನ್ಯಾಯ ಸಂಹಿತೆಯಲ್ಲಿ ಸಾದಾ ಗಾಯಕ್ಕೆ ಹಾಕುವ 115(2) ಅಷ್ಟೇ ಇದ್ದರೆ ಅದು ಜಾಮೀನು ಸಿಗುವ ಅಪರಾಧ. ಮೂಳೆ ಮುರಿದ ಪ್ರಕರಣಕ್ಕೆ ಹಾಕುವ 117(2) ಕೂಡ ಹಾಗೆಯೇ. ಆಯುಧ ಬಳಸಿದ ಆರೋಪದ 118(1), 118(2) ಅಥವಾ ಕೊಲೆ ಯತ್ನದ 109 ಇದ್ದರೆ ಮಾತ್ರ ನಾಗರಿಕ ಸುರಕ್ಷಾ ಸಂಹಿತೆಯ 482ನೇ ಕಲಂ (2024ರ ಜುಲೈ 1ಕ್ಕೆ ಮುಂಚೆ ನಾವೆಲ್ಲ ಕೇಳುತ್ತಿದ್ದ, ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 438) ಅಡಿಯಲ್ಲಿ ಸೆಷನ್ಸ್ ನ್ಯಾಯಾಲಯಕ್ಕೆ ಅರ್ಜಿ ಹಾಕಬೇಕಾಗುತ್ತದೆ. ಅಲ್ಲಿ ವಜಾ ಆದರೆ ಹೈಕೋರ್ಟ್ ಇದೆ.

ನಮ್ಮ ಅರ್ಜಿಯನ್ನು ಉಳಿಸಿದ್ದು ಗಾಯದ ಪ್ರಮಾಣಪತ್ರ. ದೂರಿನಲ್ಲಿ "ದೊಣ್ಣೆಯಿಂದ ಹೊಡೆದು ಕೊಲ್ಲಲು ಯತ್ನಿಸಿದರು" ಎಂದಿತ್ತು. ವೈದ್ಯರು ಬರೆದದ್ದು ಬಲ ಹುಬ್ಬಿನ ಮೇಲೆ ಮೂರು ಸೆಂಟಿಮೀಟರ್ ಸೀಳುಗಾಯ, ಸಾದಾ ಸ್ವರೂಪದ್ದು ಎಂದು. ವಕೀಲರು ಆ ಸಾಲಿನ ಕೆಳಗೆ ಪೆನ್ಸಿಲ್‌ನಲ್ಲಿ ಗೆರೆ ಎಳೆದು, ವಾದದಲ್ಲಿ ಮೊದಲು ಅದನ್ನೇ ಓದಿದರು. ನಿಮ್ಮ ತಮ್ಮನ ವಿಷಯದಲ್ಲಿ ಇನ್ನೊಂದನ್ನೂ ಗಮನಿಸಿ: ಇಂಥವನು ಇಂಥದ್ದರಿಂದ ಇಲ್ಲಿಗೆ ಹೊಡೆದನೆಂದು ನಿರ್ದಿಷ್ಟವಾಗಿ ಬರೆದಿದ್ದಾರೆಯೇ ಅಥವಾ ಎಲ್ಲರೂ ಸೇರಿ ಹೊಡೆದರು ಎಂದು ಮೊಗಮ್ಮಾಗಿ ಬರೆದಿದ್ದಾರೆಯೇ? ಸಮಾನ ಉದ್ದೇಶದ 3(5) ಸೇರಿಸಿ ಮನೆಮಂದಿಯನ್ನೆಲ್ಲ ಎಳೆಯುವುದು ಇಂಥ ಜಗಳಗಳಲ್ಲಿ ಸಾಮಾನ್ಯ.

ಅಭಿಯೋಜಕರ ತಕರಾರಿಗೆಂದು ದಿನಾಂಕ ಮುಂದೆ ಹೋಗುವುದರಿಂದ, ಅಲ್ಲಿಯವರೆಗೆ ಬಂಧಿಸದಂತೆ ಮಧ್ಯಂತರ ರಕ್ಷಣೆಯನ್ನೂ ಅರ್ಜಿಯಲ್ಲೇ ಕೇಳಿ. ನಮಗೆ ಒಂದು ಲಕ್ಷದ ಬಾಂಡು, ಪಹಣಿಯೊಂದಿಗೆ ಒಬ್ಬ ಜಾಮೀನುದಾರ, ಹದಿನೈದು ದಿನದೊಳಗೆ ತನಿಖಾಧಿಕಾರಿಯ ಮುಂದೆ ಹಾಜರಿ ಎಂಬ ಷರತ್ತುಗಳಾದವು. ದೋಷಾರೋಪಣ ಪಟ್ಟಿ ಸಲ್ಲಿಕೆಯಾದ ಮೇಲೆ ಮತ್ತೆ ಜಾಮೀನು ಪಡೆಯಬೇಕೇನೋ ಎಂದು ಅಮ್ಮ ದಿನವೂ ಕೇಳುತ್ತಿದ್ದರು. ನ್ಯಾಯಾಲಯವೇ ಅವಧಿ ಹಾಕದಿದ್ದರೆ ಆದೇಶವು ವಿಚಾರಣೆ ಮುಗಿಯುವವರೆಗೂ ಸಾಮಾನ್ಯವಾಗಿ ಉಳಿಯುತ್ತದೆಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ 2020ರ ಸುಶೀಲಾ ಅಗರ್ವಾಲ್ ಪ್ರಕರಣದಲ್ಲಿ ಹೇಳಿದೆ.

ಉತ್ತರ 2: ಮೇಲಿನವರು ಹೇಳಿದ 118(1) ಮಾತ್ರ ಇದ್ದರೆ ಶಿಕ್ಷೆಯ ಮಿತಿ ಮೂರು ವರ್ಷ. ಏಳು ವರ್ಷದವರೆಗಿನ ಅಪರಾಧಗಳಲ್ಲಿ ಯಾಂತ್ರಿಕವಾಗಿ ಬಂಧಿಸಬಾರದೆಂದು 2014ರ ಅರ್ನೇಶ್ ಕುಮಾರ್ ತೀರ್ಪು ಹೇಳಿರುವುದರಿಂದ, ಬಂಧಿಸುವ ಬದಲು ಪೊಲೀಸರ ಮುಂದೆ ಹಾಜರಾಗಲು ಹೇಳುವ, ನಾಗರಿಕ ಸುರಕ್ಷಾ ಸಂಹಿತೆಯ 35(3)ರ ನೋಟಿಸು ಬರಬಹುದು. ಬಂದರೆ ತಪ್ಪದೇ ಹಾಜರಾಗಿ. ನಿಮ್ಮದು ದಾಯಾದಿಗಳ ಜಗಳವಾದ್ದರಿಂದ ನಿಮಗೆ ಅನ್ವಯಿಸದಿದ್ದರೂ, ಓದುವ ಇತರರಿಗಾಗಿ ಹೇಳುತ್ತೇನೆ: ಪರಿಶಿಷ್ಟರ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ ಕಲಂಗಳಿದ್ದರೆ, ಮೇಲ್ನೋಟಕ್ಕೆ ಪ್ರಕರಣವೇ ಇಲ್ಲವೆಂದು ಕಂಡುಬಂದ ಹೊರತು ನಿರೀಕ್ಷಣಾ ಜಾಮೀನಿಗೆ ಅವಕಾಶವಿಲ್ಲ.

ಉತ್ತರ 3: ನಾನು ಪೆಟ್ಟು ತಿಂದವರ ಕಡೆಯವಳು. ನಮ್ಮ ತಂದೆಯವರು ತಲೆಗೆ ಹೊಲಿಗೆ ಹಾಕಿಸಿಕೊಂಡು ಮಲಗಿದ್ದಾಗ ಎದುರು ಪಕ್ಷದ ಹಿರಿಯರು ಹಣ್ಣು ಹಿಡಿದು ವಾರ್ಡಿಗೆ ಬಂದು, ದೂರು ಹಿಂಪಡೆಯಿರಿ, ಇಲ್ಲವಾದರೆ ಊರಲ್ಲಿ ಬಾಳುವುದು ಕಷ್ಟ ಎಂದರು. ಅವರ ಮನಸ್ಸಿನಲ್ಲಿ ಅದು ರಾಜಿಯ ಮಾತೇ ಇದ್ದಿರಬಹುದು, ನಮಗೆ ಅದು ಬೆದರಿಕೆಯಾಗಿ ಕೇಳಿಸಿತು, ಅಭಿಯೋಜಕರಿಗೆ ಹಾಗೆಯೇ ಬರೆದುಕೊಟ್ಟೆವು, ಜಾಮೀನು ಅರ್ಜಿ ವಜಾ ಆಯಿತು. ಗಾಯಗೊಂಡವರು ಹೇಗಿದ್ದಾರೆಂದು ವಿಚಾರಿಸಬೇಕೆನಿಸಿದರೂ ಈಗ ನಿಮ್ಮ ಮನೆಯವರು ಯಾರೂ ಆಸ್ಪತ್ರೆಗೆ ಹೋಗಬೇಡಿ.