ಸಹಾಯ ಬೇಕು: ಸಮೀಕರಣವಿಲ್ಲದೆ ಅಕ್ಕ-ತಂಗಿಯರ ವಯಸ್ಸಿನ ಲೆಕ್ಕ
ಗಣಿತ ಬಲ್ಲವರಲ್ಲಿ ಒಂದು ವಿನಂತಿ. ಐದನೆಯ ತರಗತಿಯ ಮಗಳಿಗೆ ಈ ಲೆಕ್ಕವನ್ನು ಹೇಳಿಕೊಡಬೇಕಾಗಿದೆ: ತಂಗಿಗೆ ಈಗಿರುವಷ್ಟೇ ವಯಸ್ಸು ಅಕ್ಕನಿಗಿದ್ದಾಗ ತಂಗಿಗೆ ಎಷ್ಟು ವಯಸ್ಸಾಗಿತ್ತೋ, ಅದರ ಎರಡರಷ್ಟು ಅಕ್ಕನ ಈಗಿನ ವಯಸ್ಸು, ಇಬ್ಬರ ಈಗಿನ ವಯಸ್ಸುಗಳ ಮೊತ್ತ 63 ವರ್ಷ.

ಬೀಜಗಣಿತದಲ್ಲಿ ಅಕ್ಕನಿಗೆ 36, ತಂಗಿಗೆ 27 ಎಂಬ ಉತ್ತರ ಸಲೀಸಾಗಿ ಬರುತ್ತದೆ, ತಾಳೆಯೂ ಆಗುತ್ತದೆ. ಅಕ್ಕನಿಗೆ 27 ಆಗಿದ್ದಾಗ ತಂಗಿಗೆ 18. ಆದರೆ ಮಗಳು ಸಮೀಕರಣವನ್ನು ಇನ್ನೂ ಕಲಿತಿಲ್ಲ. ಊಹಿಸಿ ಪರೀಕ್ಷಿಸುವ ದಾರಿ ಅವಳಿಗೆ ಬೇಸರ ತರಿಸಿತು (ಅದರಲ್ಲಿ ಅವಳ ತಪ್ಪೇನೂ ಇಲ್ಲ). ಆಗಿನ ಮತ್ತು ಈಗಿನ ವಯಸ್ಸುಗಳನ್ನು ಕೋಷ್ಟಕದಲ್ಲಿ ಬರೆದು, ವಯಸ್ಸಿನ ಅಂತರ ಎಂದಿಗೂ ಬದಲಾಗದೆಂದು ತೋರಿಸಿದಾಗ, ತಂಗಿಯ ಆಗಿನ ವಯಸ್ಸಿಗೆ ಆ ಅಂತರವನ್ನು ಎರಡು ಸಲ ಕೂಡಿಸಿದರೆ ಅಕ್ಕನ ಈಗಿನ ವಯಸ್ಸು ಸಿಗುತ್ತದೆ ಎಂಬಲ್ಲಿಯವರೆಗೆ ಅವಳು ಚೆನ್ನಾಗಿಯೇ ಒಪ್ಪಿದಳು.

ಅಲ್ಲಿಂದ ಮುಂದೆ, ತಂಗಿಯ ಆಗಿನ ವಯಸ್ಸೇ ಎರಡು ಅಂತರಗಳಿಗೆ ಸಮ, ಆದ್ದರಿಂದ 63 ಎಂದರೆ ಒಟ್ಟು ಏಳು ಅಂತರಗಳು ಎಂಬ ಹೆಜ್ಜೆಯನ್ನು ಅಕ್ಷರಗಳನ್ನು ಬಳಸದೆ, ಪಟ್ಟಿಗಳ ಚಿತ್ರದಿಂದಲೇ ಮನವರಿಕೆ ಮಾಡಿಸುವುದು ಹೇಗೆ?