ಅಪ್‌ಡೇಟ್: ಬಿಒಸಿ ಇದ್ದರೂ ಟೆಕ್ಸಾಸ್ ಲೈಸೆನ್ಸ್ ಬೇಕೇ ಬೇಕು

ಕ್ಯಾಲಿಫೋರ್ನಿಯಾದಲ್ಲಿ ಅಥ್ಲೆಟಿಕ್ ಟ್ರೇನರ್ (ಆಟಗಾರರ ಗಾಯಗಳನ್ನು ನೋಡಿಕೊಳ್ಳುವವಳು) ಆಗಿರುವ ನನ್ನ ತಂಗಿ ಬರೀ ಬಿಒಸಿ (ಈ ವೃತ್ತಿಯ ರಾಷ್ಟ್ರಮಟ್ಟದ ಪ್ರಮಾಣೀಕರಣ ಮಂಡಳಿ) ಸರ್ಟಿಫಿಕೇಟ್ ಇಟ್ಟುಕೊಂಡು ಟೆಕ್ಸಾಸ್‌ನಲ್ಲಿ ಕೆಲಸಕ್ಕೆ ಸೇರಬಹುದಾ ಅಂತ ಇಲ್ಲಿ ಹಿಂದೆ ಕೇಳಿದ್ದೆ. ಆಗಲ್ಲ. ಬಿಒಸಿ ಇಡೀ ದೇಶಕ್ಕೆ ಒಂದೇ ಪರೀಕ್ಷೆ, ಆದರೆ ಲೈಸೆನ್ಸ್ ಕೊಡುವುದು ಆಯಾ ರಾಜ್ಯ. ಟೆಕ್ಸಾಸ್‌ನಲ್ಲಿ ಟಿಡಿಎಲ್‌ಆರ್ ಅನ್ನೋ ರಾಜ್ಯದ ಲೈಸೆನ್ಸ್ ಇಲಾಖೆ ಕೊಡುತ್ತದೆ. ಕೆಲಸವನ್ನೂ ವೈದ್ಯರ ನಿರ್ದೇಶನದಲ್ಲೇ ಮಾಡಬೇಕು.

ಕ್ಯಾಲಿಫೋರ್ನಿಯಾದಲ್ಲಿ ಈ ಕೆಲಸಕ್ಕೆ ರಾಜ್ಯದ ಲೈಸೆನ್ಸೇ ಇಲ್ಲ, ನಮ್ಮ ಗೊಂದಲ ಶುರುವಾಗಿದ್ದೇ ಅಲ್ಲಿ. ಇದು ತಿಳಿದಾಗ ನನಗೆ ನಿಜವಾಗಿ ಭಯವಾಯಿತು. ಮೈದಾನದಲ್ಲಿ ತಲೆಗೆ ಪೆಟ್ಟಾದ ಮಗುವನ್ನು ಮೊದಲು ನೋಡುವವರು ಇವರೇ ಅಲ್ವಾ?

ಕೆಲವರು ಬೇರೆ ರಾಜ್ಯದಲ್ಲಿ ಕೆಲಸ ಮಾಡುವ ಬಗ್ಗೆ ಇರುವ 2018ರ ಅಮೆರಿಕದ ಕೇಂದ್ರ ಕಾನೂನು ನೆನಪಿಸಿದಿರಿ, ಥ್ಯಾಂಕ್ಸ್. ಅದು ಅನ್ವಯಿಸುವುದು ತಂಡದ ಜೊತೆ ಬೇರೆ ರಾಜ್ಯಕ್ಕೆ ಹೋದಾಗ ಮಾತ್ರ. ಊರು ಬದಲಿಸಿದವರಿಗಲ್ಲ.

ತಂಗಿ ಅರ್ಜಿ ಹಾಕಿದ್ದಾಳೆ. ಲೈಸೆನ್ಸ್ ಕೈಗೆ ಬಂದ ಮೇಲೆಯೇ ಕೆಲಸ ಶುರು.