ತಕ್ಕಡಿಯ ತೂಕ ಬಿಲ್ಲಿಗೆ ಬರುತ್ತಿಲ್ಲ: ಡಿಎಲ್‌ಎಲ್ ಲೋಡ್ ಆಗದಿದ್ದರೆ ಎಲ್ಲಿಂದ ಹುಡುಕಬೇಕು?

ಪ್ರಶ್ನೆ (ಸಾಗರದಿಂದ): ನಮಸ್ಕಾರ ಸರ್. ಅಡಿಕೆ ಮಂಡಿಯ ಬಿಲ್ಲಿಂಗ್ ಸಾಫ್ಟ್‌ವೇರ್ ಜಾವಾದಲ್ಲಿದೆ. ಎಲೆಕ್ಟ್ರಾನಿಕ್ ತಕ್ಕಡಿಯ ತೂಕ ಸೀರಿಯಲ್ ಪೋರ್ಟ್ ಮೂಲಕ ನೇರ ಬಿಲ್ಲಿಗೆ ಬರುತ್ತಿತ್ತು. ಹೊಸ ಕಂಪ್ಯೂಟರ್‌ನಲ್ಲಿ ವಿಂಡೋಸ್ 11 ಇದೆ. ಸಾಫ್ಟ್‌ವೇರ್ ತೆರೆಯುತ್ತದೆ, ಆದರೆ ತೂಕದ ಬಟನ್ ಒತ್ತಿದರೆ ‘ಅನ್‌ಸ್ಯಾಟಿಸ್ಫೈಡ್ ಲಿಂಕ್ ಎರರ್’ ಅನ್ನುತ್ತದೆ. ಡಿಎಲ್‌ಎಲ್ ಅನ್ನು ಸಿಸ್ಟಮ್32 ಫೋಲ್ಡರ್‌ಗೆ ಹಾಕಿದ್ದೂ ಆಯಿತು, ರೆಗ್‌ಎಸ್‌ವಿಆರ್32 ಓಡಿಸಿದ್ದೂ ಆಯಿತು. ಸರಕು, ಬೆಟ್ಟೆ, ರಾಶಿ ಎಲ್ಲದರ ತೂಕವನ್ನೂ ಈಗ ಚೀಟಿಯಲ್ಲಿ ಬರೆದು ಟೈಪ್ ಮಾಡಬೇಕಾಗಿದೆ.

ಉತ್ತರ: ಜಾವಾದ ಮೂಲ ಲೈಬ್ರರಿಯಲ್ಲಿ ಸೀರಿಯಲ್ ಪೋರ್ಟ್ ಓದುವ ಸೌಲಭ್ಯವಿಲ್ಲ. ಆ ಕೆಲಸವನ್ನು ನಡುವೆ ನಿಂತ ಡಿಎಲ್‌ಎಲ್, ಅಂದರೆ ಬೇರೆ ಪ್ರೋಗ್ರಾಂಗಳು ಕರೆದು ಬಳಸುವ ಕೋಡ್ ಇರುವ ವಿಂಡೋಸ್ ಫೈಲ್, ಮಾಡುತ್ತದೆ. ಅದು ಲೋಡ್ ಆಗದಿರಲು ಕಾರಣ ಹಲವು, ಯಾವುದೆಂದು ಎರರ್ ಸಾಲಿನಲ್ಲೇ ಕೋಲನ್ ನಂತರ ಬರೆದಿರುತ್ತದೆ. ಅದನ್ನು ಪೂರ್ತಿ ಓದಿ.

‘ಜಾವಾ ಡಾಟ್ ಲೈಬ್ರರಿ ಡಾಟ್ ಪಾತ್‌ನಲ್ಲಿ ಇಲ್ಲ’ ಎಂಬ ಅರ್ಥದ ಸಾಲಿದ್ದರೆ ಫೈಲ್ ಸಿಕ್ಕಿಲ್ಲ. ಡಿಎಲ್‌ಎಲ್ ಇರುವ ಫೋಲ್ಡರನ್ನು ಆ ಪಾತ್‌ಗೆ, ಅಂದರೆ ಜಾವಾ ಇಂಥ ಫೈಲು ಹುಡುಕುವ ಫೋಲ್ಡರುಗಳ ಪಟ್ಟಿಗೆ, ಕೊಟ್ಟರೆ ಮುಗಿಯಿತು.

‘32-ಬಿಟ್ ಡಿಎಲ್‌ಎಲ್ ಅನ್ನು 64-ಬಿಟ್ ಪ್ಲಾಟ್‌ಫಾರ್ಮ್‌ನಲ್ಲಿ ಲೋಡ್ ಮಾಡಲಾಗದು’ ಎಂದಿದ್ದರೆ ಫೈಲ್ ಸಿಕ್ಕಿದೆ, ಹೊಂದುತ್ತಿಲ್ಲ. ಇಲ್ಲಿ ಎಲ್ಲರೂ ವಿಂಡೋಸ್‌ನ ಬಿಟ್ ನೋಡುತ್ತಾರೆ. ನೋಡಬೇಕಾದ್ದು ಜಾವಾದ ಬಿಟ್. ವಿಂಡೋಸ್ 11 ಇರುವುದೇ 64-ಬಿಟ್‌ನಲ್ಲಿ, ಆದರೂ 32-ಬಿಟ್ ಜಾವಾ ಅದರ ಮೇಲೆ ಓಡುತ್ತದೆ. ಹಾಗಾಗಿ 32-ಬಿಟ್‌ನ ಜಾವಾ 8 ಅನ್ನು ಸಾಫ್ಟ್‌ವೇರ್‌ನ ಫೋಲ್ಡರ್ ಒಳಗೇ ಇಟ್ಟು, ಶಾರ್ಟ್‌ಕಟ್ ಅದನ್ನೇ ಕರೆಯುವಂತೆ ಮಾಡಿದರೆ ಸದ್ಯಕ್ಕೆ ಕೆಲಸ ನಡೆಯುತ್ತದೆ. ಆದರೆ ವಿಂಡೋಸ್‌ಗಾಗಿ ಇದ್ದ 32-ಬಿಟ್ ಜಾವಾವನ್ನು ಜಾವಾ 24ರಲ್ಲಿ ತೆಗೆದೇಬಿಟ್ಟಿದ್ದಾರೆ. ಸಾಫ್ಟ್‌ವೇರ್ ಕೊಟ್ಟವರಿಂದ 64-ಬಿಟ್ ಡಿಎಲ್‌ಎಲ್ ಕೇಳಿ ಪಡೆಯುವುದೇ ಸರಿ.

‘ಕಾಂಟ್ ಫೈಂಡ್ ಡಿಪೆಂಡೆಂಟ್ ಲೈಬ್ರರೀಸ್’ ಎಂದಿದ್ದರೆ ನಿಮ್ಮ ಡಿಎಲ್‌ಎಲ್ ಇದೆ, ಅದು ನೆಚ್ಚಿಕೊಂಡ ಇನ್ನೊಂದು ಡಿಎಲ್‌ಎಲ್ ಇಲ್ಲ. ಎರರ್‌ನಲ್ಲಿ ಹೆಸರು ಬರುವುದು ಮಾತ್ರ ನಿಮ್ಮದರದ್ದೇ. ಜನ ಅದೇ ಫೈಲನ್ನು ಹತ್ತು ಸಲ ಕಾಪಿ ಮಾಡುವುದು ಈ ಕಾರಣಕ್ಕೇ.

ಸಿಸ್ಟಮ್32ಗೆ ಹಾಕಿದ್ದನ್ನು ದಯವಿಟ್ಟು ತೆಗೆಯಿರಿ. 64-ಬಿಟ್ ವಿಂಡೋಸ್‌ನಲ್ಲಿ ಹೆಸರಿಗೆ 32 ಇದ್ದರೂ ಅದು 64-ಬಿಟ್ ಫೈಲುಗಳ ಜಾಗ, 32-ಬಿಟ್‌ನವು ಸಿಸ್‌ವಾವ್64 ಎಂಬ ಫೋಲ್ಡರ್‌ನಲ್ಲಿರುತ್ತವೆ. 32-ಬಿಟ್ ಪ್ರೋಗ್ರಾಂ ಸಿಸ್ಟಮ್32 ಕೇಳಿದರೆ ವಿಂಡೋಸ್ ಅದನ್ನು ಸದ್ದಿಲ್ಲದೆ ಸಿಸ್‌ವಾವ್64ಗೆ ತಿರುಗಿಸುತ್ತದೆ. ನೀವು ಹಾಕಿದ ಫೈಲು ಕಣ್ಣೆದುರಿಗಿದ್ದರೂ ಪ್ರೋಗ್ರಾಂಗೆ ಕಾಣುವುದಿಲ್ಲ. ಇನ್ನು ರೆಗ್‌ಎಸ್‌ವಿಆರ್32 ಕಮಾಂಡ್ ಬೇಕಾಗುವುದು ವಿಂಡೋಸ್‌ನಲ್ಲಿ ನೋಂದಾಯಿಸಬೇಕಾದ ಕಾಮ್ (COM) ಬಗೆಯ ಡಿಎಲ್‌ಎಲ್‌ಗಳಿಗೆ ಮಾತ್ರ, ಇದಕ್ಕೆ ಸಂಬಂಧವಿಲ್ಲ.

ಪ್ರಶ್ನೆ (ಸಾಗರದಿಂದ): ಸರ್, ಕೊನೆಯ ಸಾಲೇ ಬರುತ್ತಿದೆ, ಡಿಪೆಂಡೆಂಟ್ ಲೈಬ್ರರೀಸ್. ಯಾವ ಫೈಲ್ ಇಲ್ಲವೆಂದು ತಿಳಿಯುವುದು ಹೇಗೆ? ಡಿಎಲ್‌ಎಲ್ ಬಿಡಿಬಿಡಿಯಾಗಿ ಸಿಗುವ ವೆಬ್‌ಸೈಟ್ ಇದೆಯಂತೆ, ಅಲ್ಲಿಂದ ಇಳಿಸಬಹುದೇ?

ಉತ್ತರ: ಬೇಡವೇ ಬೇಡ. ಯಾರು ತಿದ್ದಿದ ಫೈಲೋ ಗೊತ್ತಾಗದು, ಮತ್ತು ಅದು ಓಡುವುದು ನಿಮ್ಮ ಲೆಕ್ಕಪತ್ರವಿರುವ ಪ್ರೋಗ್ರಾಂ ಒಳಗೆ.

‘ಡಿಪೆಂಡೆನ್ಸೀಸ್’ ಎಂಬ ಉಚಿತ ಓಪನ್ ಸೋರ್ಸ್ ಸಾಧನದಲ್ಲಿ ನಿಮ್ಮ ಡಿಎಲ್‌ಎಲ್ ತೆರೆಯಿರಿ. ಸಿಗದ ಫೈಲುಗಳನ್ನು ಅದು ಗುರುತು ಹಾಕಿ ತೋರಿಸುತ್ತದೆ. ಹೆಚ್ಚಿನ ಸಲ ಸಿಗದಿರುವುದು ವಿಷುವಲ್ ಸಿ++ನ ರನ್‌ಟೈಮ್, ಅಂದರೆ ಅದರಲ್ಲಿ ತಯಾರಿಸಿದ ಪ್ರೋಗ್ರಾಂ ಓಡಲು ಬೇಕಾದ ಫೈಲುಗಳು. ಎಂಎಸ್‌ವಿಸಿಆರ್100 ಕಾಣದಿದ್ದರೆ 2010ರ ಪ್ಯಾಕೇಜ್, ಎಂಎಸ್‌ವಿಸಿಆರ್120 ಆದರೆ 2013ರದ್ದು, ವಿಸಿರನ್‌ಟೈಮ್140 ಆದರೆ 2015ರ ನಂತರದ ಒಟ್ಟು ಪ್ಯಾಕೇಜ್. ಹೊಸದನ್ನು ಹಾಕಿದರೆ 2010ರದ್ದು ಅದರಲ್ಲಿ ಬರುವುದಿಲ್ಲ. ಮೈಕ್ರೋಸಾಫ್ಟ್ ತಾಣದಿಂದಲೇ ಇಳಿಸಿ. 32-ಬಿಟ್ ಡಿಎಲ್‌ಎಲ್‌ಗೆ ಎಕ್ಸ್86, 64-ಬಿಟ್‌ಗೆ ಎಕ್ಸ್64.

ಇದೆಲ್ಲ ಸರಿಯಾಗಿ, ಬಳಿಕ ಅದೇ ಎರರ್ ಒಂದು ಮೆಥಡ್‌ನ ಹೆಸರು ಹೇಳಿ ಬಂದರೆ ಜಾರ್ ಫೈಲೂ (ಜಾವಾ ಕೋಡ್ ಇರುವ ಫೈಲ್) ಡಿಎಲ್‌ಎಲ್ಲೂ ಬೇರೆ ಬೇರೆ ಆವೃತ್ತಿಯವು ಇರಬಹುದು. ಎರಡನ್ನೂ ಒಂದೇ ಬಿಡುಗಡೆಯಿಂದ ತೆಗೆದುಕೊಳ್ಳಿ.

ಪ್ರಶ್ನೆ (ತೀರ್ಥಹಳ್ಳಿಯಿಂದ): ನಮ್ಮ ಸಹಕಾರ ಸಂಘದಲ್ಲಿ ಉಬುಂಟು 22.04 ಲಿನಕ್ಸ್ ಇದೆ. ತಕ್ಕಡಿಯ ಯುಎಸ್‌ಬಿ ಕನ್ವರ್ಟರ್ ಚುಚ್ಚಿದರೆ ಪೋರ್ಟ್ ಒಂದು ಕ್ಷಣ ಕಾಣಿಸಿ ಮಾಯವಾಗುತ್ತದೆ. ಇದೂ ಲೈಬ್ರರಿ ತೊಂದರೆಯೇ ಸರ್?

ಉತ್ತರ: ಅಲ್ಲ. ಕನ್ವರ್ಟರ್‌ನಲ್ಲಿ ಸಿಎಚ್340 ಚಿಪ್ ಇದ್ದರೆ ಉಬುಂಟು 22.04 ಅದನ್ನು ಬ್ರೈಲ್ ಉಪಕರಣವೆಂದು ತಪ್ಪು ತಿಳಿದು ಬಿಆರ್‌ಎಲ್‌ಟಿಟಿವೈ ಎಂಬ ಸೇವೆಗೆ ಕೊಡುತ್ತದೆ. ಡಿಮೆಸೇಜ್ (dmesg) ಕಮಾಂಡ್ ತೋರಿಸುವ ಸಿಸ್ಟಮ್ ಲಾಗ್‌ನಲ್ಲಿ ಆ ಹೆಸರು ಕಂಡರೆ ಅದೇ ಕಾರಣ. ಆ ಕಂಪ್ಯೂಟರಲ್ಲಿ ಬ್ರೈಲ್ ಬಳಸುವವರು ಯಾರೂ ಇಲ್ಲದಿದ್ದರೆ ಪ್ಯಾಕೇಜ್ ತೆಗೆಯಿರಿ. ಇದ್ದರೆ ಅವರಿಗೆ ಅದು ಬೇಕೇ ಬೇಕು, ಯುಡೆವ್ ನಿಯಮಗಳಲ್ಲಿ (ಚುಚ್ಚಿದ ಉಪಕರಣಕ್ಕೆ ಏನು ಮಾಡಬೇಕೆಂದು ಲಿನಕ್ಸ್‌ಗೆ ಹೇಳುವ ಸಾಲುಗಳು) ಈ ಚಿಪ್‌ನ ಸಾಲನ್ನಷ್ಟೇ ನಿಷ್ಕ್ರಿಯಗೊಳಿಸಿ. ಆಮೇಲೆ ಬಳಕೆದಾರರನ್ನು ಸೀರಿಯಲ್ ಪೋರ್ಟ್ ಬಳಸಲು ಅನುಮತಿ ಇರುವ ಡಯಲ್‌ಔಟ್ ಗುಂಪಿಗೆ ಸೇರಿಸಿ, ಲಾಗ್‌ಔಟ್ ಆಗಿ ಮತ್ತೆ ಲಾಗಿನ್ ಆಗಬೇಕು.

ಇಷ್ಟಾದ ಮೇಲೂ ಡಾಟ್ ಎಸ್‌ಒ ಫೈಲ್ (ಲಿನಕ್ಸ್‌ನಲ್ಲಿ ಡಿಎಲ್‌ಎಲ್‌ನ ಬದಲು ಇರುವುದು) ಲೋಡ್ ಆಗದಿದ್ದರೆ ಅದರ ಮೇಲೆ ಅದು ನೆಚ್ಚಿಕೊಂಡ ಫೈಲುಗಳನ್ನು ತೋರಿಸುವ ಎಲ್‌ಡಿಡಿ ಕಮಾಂಡ್ ಓಡಿಸಿ, ‘ನಾಟ್ ಫೌಂಡ್’ ಎಂಬ ಸಾಲು ನೋಡಿ. ನಂಬಿಕೆಯ ಮೂಲದಿಂದ ಬಂದ ಫೈಲಿಗೆ ಮಾತ್ರ ಎಲ್‌ಡಿಡಿ ಬಳಸಿ, ಕೆಲವು ಸಂದರ್ಭದಲ್ಲಿ ಅದು ಫೈಲಿನೊಳಗಿನ ಕೋಡನ್ನೇ ಓಡಿಸಿಬಿಡುತ್ತದೆ. ಲಿನಕ್ಸ್‌ನ ಮೂಲ ಲೈಬ್ರರಿಯಾದ ಜಿಲಿಬ್‌ಸಿಯ ಆವೃತ್ತಿ ಸಿಗಲಿಲ್ಲ ಎಂದರೆ ಫೈಲನ್ನು ನಿಮಗಿಂತ ಹೊಸ ಲಿನಕ್ಸ್‌ನಲ್ಲಿ ಕಟ್ಟಿದ್ದಾರೆ. 22.04ರಲ್ಲಿರುವುದು 2.35. ಜಿಲಿಬ್‌ಸಿಯನ್ನು ಬಲವಂತವಾಗಿ ಬದಲಿಸಲು ಹೋದರೆ ಇಡೀ ಸಿಸ್ಟಮ್ ಕೆಡುತ್ತದೆ. ಹಳೆಯ ಉಬುಂಟುವಿನಲ್ಲಿ ಕಟ್ಟಿಕೊಡಲು ಡೆವಲಪರ್‌ಗೆ ಹೇಳಿ.

‘ಫೈಲ್ ಟೂ ಶಾರ್ಟ್’ ಎಂದರೆ ಕಾಪಿ ಅರ್ಧಕ್ಕೆ ನಿಂತಿದೆ. ಮಳೆಗಾಲದಲ್ಲಿ ಪೆನ್‌ಡ್ರೈವ್‌ನಿಂದ ಹಾಕುವಾಗ ಕರೆಂಟ್ ಹೋದರೆ ಹೀಗಾಗುತ್ತದೆ. ಎರಡೂ ಕಡೆಯ ಫೈಲಿನ ಎಸ್‌ಎಚ್‌ಎ256ಸಮ್ (ಫೈಲಿನ ಗುರುತಿನ ಸಂಖ್ಯೆ ಕೊಡುವ ಕಮಾಂಡ್) ತೆಗೆದು ಹೋಲಿಸಿ, ಬೇರೆ ಬಂದರೆ ಮತ್ತೆ ಕಾಪಿ ಮಾಡಿ.